ತೊಳೆಯದ ಸ್ವೆಟರ್

ಏಪ್ರಿಲ್ ಮೊದಲ ವಾರ ತೊಟ್ಟ ಸ್ವೆಟರನ್ನು ಹೆರ್ಡಿಸ್ ಬಿಚ್ಚಿಡುತ್ತಿದ್ದುದು ಜುಲೈ ಮುಗಿದ ಮೇಲೆಯೇ. ಕಂದು ಉಣ್ಣೆಯದು, ಎರಡೂ ಮೊಣಕೈಗೆ ತೇಪೆ, ಕುತ್ತಿಗೆಯ ಹತ್ತಿರ ಒಲೆಯ ಕಿಡಿ ಬಿದ್ದು ಸುಟ್ಟ ಕಲೆ. ನಡುವೆ ತೊಳೆಯುವ ಮಾತೇ ಇಲ್ಲ. ಈಡರ್ ಬಾತುಗಳು ಮನುಷ್ಯರನ್ನು ಬಟ್ಟೆಯಿಂದ ಗುರುತು ಹಿಡಿಯುತ್ತವೆ ಎಂಬುದು ನಮ್ಮ ತೀರದಲ್ಲಿ ಎಳೆಮಕ್ಕಳಿಗೂ ಗೊತ್ತು. ಹೊಸ ಬಣ್ಣ ಕಂಡರೆ ಅವು ಕಡಲಿಗೆ ಇಳಿದುಬಿಡುತ್ತವೆ, ಆ ವರ್ಷ ಮತ್ತೆ ದಡ ಹತ್ತುವುದಿಲ್ಲ.

ಅವಳನ್ನು ದೋಣಿಯಲ್ಲಿ ಡೂನ್‌ಹೊಲ್ಮ ದ್ವೀಪಕ್ಕೆ ಬಿಟ್ಟುಬರುವವನು ತಮ್ಮ ಟೊರ್ಲೈಫ್, ಮೀನುಗಾರ. ಪ್ರತಿ ವರ್ಷ ಅವನ ಬಾಯಲ್ಲಿ ಒಂದೇ ತಮಾಷೆ.

"ಗಾಳಿ ಈ ಕಡೆ ಬೀಸಿದ್ರೆ ನಿನಗಿಂತ ಮುಂಚೆ ನಿನ್ನ ಸ್ವೆಟರೇ ಬಂದುಬಿಡುತ್ತೆ ಕಣೇ ಅಕ್ಕ. ನಿನಗೆ ಯಾಕೆ ಮದುವೆ ಆಗ್ಲಿಲ್ಲ ಅಂತ ಈಗ ಗೊತ್ತಾಯ್ತು."

"ಮದುವೆ ಆದವಳ ಪಾಡು ಏನು ಅಂತ ನಿನ್ನ ಹೆಂಡ್ತೀನ ಕೇಳ್ಕೋ ಹೋಗು. ಮೊದ್ಲು ಆ ಇಂಜಿನ್ ಆಫ್ ಮಾಡು, ಇಲ್ಲಿಂದ ಹುಟ್ಟು ಹಾಕು."

ಡೂನ್‌ಹೊಲ್ಮ ಪಕ್ಷಿಧಾಮವಾಗಿ ಮೂವತ್ತು ವರ್ಷದ ಮೇಲಾಯಿತು. ಏಪ್ರಿಲ್ ಮಧ್ಯದಿಂದ ಜುಲೈ ಕೊನೆಯವರೆಗೆ ಅಲ್ಲಿ ನರಮನುಷ್ಯರು ಕಾಲಿಡುವಂತಿಲ್ಲ, ಹಕ್ಕಿ ನೋಡಿಕೊಳ್ಳುವ ಒಬ್ಬರನ್ನು ಬಿಟ್ಟು. ಅದಕ್ಕೆ ಸರಕಾರದ ಅನುಮತಿ ಪತ್ರ ಬೇಕು. ಆ ಪತ್ರ ಮೊದಲು ಅಪ್ಪ ಆಂಕರನ ಹೆಸರಲ್ಲಿತ್ತು, ಅವನು ಸತ್ತ ಮೇಲೆ ಹೆರ್ಡಿಸಳ ಹೆಸರಿಗೆ ಬಂತು. ಈಗ ಅವಳಿಗೆ ಅರವತ್ತೊಂದು. ಅಪ್ಪನಿಂದ ಪತ್ರದ ಜೊತೆಗೆ ಬಂದದ್ದು ಕಲ್ಲಿನ ಗೂಡುಗಳು. ದ್ವೀಪದ ತುಂಬ ಅರವತ್ತೆರಡು. ಮೊಣಕಾಲೆತ್ತರದ ಗೋಡೆ, ಮೇಲೆ ಚಪ್ಪಟೆ ಕಲ್ಲಿನ ಸೂರು, ಮುಂದೆ ಒಂದೇ ಬಾಗಿಲು. ಹೆರ್ಡಿಸ್ ಅದರೊಳಗೆ ಒಣಗಿದ ಕಡಲಪಾಚಿ ಹಾಸುತ್ತಾಳೆ. ಹೆಣ್ಣುಬಾತು ಬಂದು, ಎದೆಯ ತುಪ್ಪುಳು ಕಿತ್ತು ಅದರ ಮೇಲೆ ಹರಡಿ, ಮೊಟ್ಟೆಯಿಟ್ಟು, ಸುಮಾರು ನಾಲ್ಕು ವಾರ ಅನ್ನನೀರು ಬಿಟ್ಟು ಕೂರುತ್ತದೆ. ಮರಿಗಳನ್ನು ಕರೆದುಕೊಂಡು ಅದು ಕಡಲಿಗೆ ಹೋದ ಮೇಲೆ ರಜಾಯಿಗೆ ತುಂಬಲು ಒಳ್ಳೆಯ ಬೆಲೆಗೆ ಹೋಗುವ ಆ ತುಪ್ಪುಳು ಹೆರ್ಡಿಸಳ ಪಾಲು. ಬಾಡಿಗೆ ಕೊಟ್ಟು ಹೋಗ್ತಾಳೆ ಮಹಾತಾಯಿ, ಎನ್ನುತ್ತಿದ್ದ ಆಂಕರ.

ಹಿಂದಿನ ವರ್ಷ ಕಡಲ ಹದ್ದು ಆ ಬಾಗಿಲುಗಳಿಗೆ ಕಾಲು ತೂರಿಸಿ, ಕೂತ ಹಕ್ಕಿಗಳನ್ನೇ ಎಳೆದೆಳೆದು ತಿಂದಿತ್ತು. ಹೆರ್ಡಿಸ್ ಸುಮ್ಮನಿರುವವಳಲ್ಲ. ಹಕ್ಕಿಗಳು ಹೋದ ಮೇಲೆ ಶರತ್ಕಾಲವಿಡೀ ಕಲ್ಲು ಹೊತ್ತಳು. ಒಂದೊಂದು ಗೂಡಿನ ಮುಂದೂ ಕಲ್ಲು ಜೋಡಿಸಿ ಬಾಗಿಲನ್ನು ಕಿರಿದು ಮಾಡಿ, ಉದ್ದನೆಯ ಸುರಂಗದಂತೆ ಎಳೆದಳು. ಹದ್ದಿನ ಉಗುರು ಮುಟ್ಟುವ ಹಾಗಿಲ್ಲ, ಬಾತು ಮಾತ್ರ ಮೈ ಬಳುಕಿಸಿ ಒಳಗೆ ಹೋಗಬಹುದು. ಟೊರ್ಲೈಫ್ ಸೊಂಟ ಹಿಡಿದುಕೊಂಡು, "ಇದೇನು ಗೂಡೋ ಸೆರೆಮನೆಯೋ?" ಎಂದು ಗೊಣಗಿದ್ದ. ಹಾಳು ಬಾಯಿ!

ಏಪ್ರಿಲಿನಲ್ಲಿ, ಹಕ್ಕಿಗಳು ಇನ್ನೂ ಕಡಲಲ್ಲೇ ತೇಲುತ್ತಿದ್ದಾಗ, ದೋಣಿಮನೆಯ ಹಿಂದಿನ ಕೊನೆಯ ಹಿಮದಲ್ಲಿ ಹೆರ್ಡಿಸ್ ಹೆಜ್ಜೆಗುರುತು ಕಂಡಳು. ಐದು ಪುಟ್ಟ ಬೆರಳು, ಚೂಪಾದ ಉಗುರು, ಎರಡೆರಡು ಜೋಡಿಯಾಗಿ ನೀರಿನಿಂದ ಎದ್ದು ಬಂಡೆಯ ಸಂದಿಗೆ ಹೋಗಿದ್ದವು. ನೀರುನಾಯಿಯದು ಎಂದುಕೊಳ್ಳಲು ನೋಡಿದಳು, ಆದರೆ ನೀರುನಾಯಿಯ ಪಾದ ಇದರ ಎರಡರಷ್ಟು ಅಗಲ ಎಂದು ಏಳನೇ ವಯಸ್ಸಿನಲ್ಲೇ ಅಪ್ಪ ಕೈಹಿಡಿದು ತೋರಿಸಿದ್ದ. ಇದು ಮಿಂಕ್. ಮುಂಗುಸಿಗಿಂತ ಚಿಕ್ಕದು, ಕಪ್ಪು, ಮೀನಿನಂತೆ ಈಜುತ್ತದೆ, ಹಸಿವಿರಲಿ ಇಲ್ಲದಿರಲಿ ಕೊಲ್ಲುತ್ತದೆ.

ಗುರುತು ಕಂಡರೆ ಕೂಡಲೇ ಪಕ್ಷಿಧಾಮದ ಕಚೇರಿಗೆ ತಿಳಿಸಬೇಕು. ಅದು ನಿಯಮ. ಆದರೆ ಹೆರ್ಡಿಸಳ ತಲೆಯಲ್ಲಿ ಪಕ್ಕದ ಲಿಲ್ಲೊಯ್ ದ್ವೀಪ ಬಂದು ಕೂತಿತ್ತು. ಎರಡು ವರ್ಷದ ಹಿಂದೆ ಅಲ್ಲಿ ಮಿಂಕ್ ಇದೆಯೆಂದು ಕಚೇರಿಯವರು ನಾಯಿ, ಬಲೆ, ಬಂದೂಕು ತಂದು ವಸಂತವಿಡೀ ತಿರುಗಿದ್ದರು. ಮಿಂಕ್ ಸತ್ತಿತು ನಿಜ. ಹಕ್ಕಿಗಳು ಮಾತ್ರ ಎದ್ದುಹೋದವು ಮತ್ತೆ ಬರಲಿಲ್ಲ. ಅಲ್ಲಿ ಹಕ್ಕಿ ನೋಡಿಕೊಳ್ಳುತ್ತಿದ್ದವಳು ಈಗ ಅಂಗಡಿಯೊಂದರಲ್ಲಿ ಚೀಸ್ ತೂಗುತ್ತಿದ್ದಾಳೆ. ಹೆರ್ಡಿಸ್ ಸುತ್ತ ನೋಡಿದಳು. ಯಾರಿದ್ದಾರೆ ನೋಡಲು? ಬೂಟಿನಿಂದ ಗುರುತುಗಳನ್ನು ಒಂದೊಂದಾಗಿ ಒರೆಸಿಬಿಟ್ಟಳು. ಬಂದ ದಾರಿಯಲ್ಲೇ ಹೋಗಿರುತ್ತದೆ ಎಂದು ತನಗೆ ತಾನೇ ಸಮಾಧಾನ ಹೇಳಿಕೊಂಡಳು.

ಮೇ ತಿಂಗಳಲ್ಲಿ ಹಕ್ಕಿಗಳು ದಡ ಹತ್ತಿದವು. ಒಂದೆರಡಲ್ಲ, ನಲವತ್ತಮೂರು! ಹಿಂದಿನ ವರ್ಷ ಮೂವತ್ತೊಂಬತ್ತಿದ್ದವು. ಹತ್ತು ವರ್ಷದಲ್ಲಿ ಮೊದಲ ಸಲ ಸಂಖ್ಯೆ ಏರಿತ್ತು. ಹೆರ್ಡಿಸ್ ಖುಷಿ ತಡೆಯಲಾರದೆ ತಮ್ಮನಿಗೆ ಫೋನ್ ಮಾಡಿ, "ಸೆರೆಮನೆ ಅಂದ್ಯಲ್ಲ, ಬಂದು ನೋಡೋ! ಬೇಡ, ಬರಬೇಡ, ಅಲ್ಲಿಂದಲೇ ಹೊಟ್ಟೆ ಉರ್ಕೋ," ಎಂದಳು.

ಎಲ್ಲಕ್ಕಿಂತ ಮೊದಲು ಬಂದವಳು ಒಕ್ಕಣ್ಣಿ. ಎಡಗಣ್ಣಿಗೆ ಬಿಳಿ ಪೊರೆ ಬಂದ ಮುದಿ ಹಕ್ಕಿ. ಹನ್ನೊಂದು ವರ್ಷದಿಂದ ಅವಳ ಜಾಗ ಒಂದೇ: ದ್ವೀಪದಲ್ಲಿ ಹೆರ್ಡಿಸ್ ಉಳಿದುಕೊಳ್ಳುವ ಮನೆಯ ಬಾಗಿಲ ಮೆಟ್ಟಿಲ ಕೆಳಗಿನ ಪೊಳ್ಳು. ಅವಳು ಕೂತ ಮೇಲೆ ಹೆರ್ಡಿಸ್ ಆ ಮೆಟ್ಟಿಲು ತುಳಿಯುವುದಿಲ್ಲ, ಹಿಂದಿನ ಕಿಟಕಿಯಿಂದ ಹತ್ತಿ ಇಳಿಯುತ್ತಾಳೆ. ಅರವತ್ತೊಂದನೇ ವಯಸ್ಸಿನಲ್ಲಿ, ಸಂಧಿವಾತದ ಮಂಡಿ ಇಟ್ಟುಕೊಂಡು. ಬೆಳಿಗ್ಗೆ ಎದ್ದು ಮೊದಲು ಅವಳ ಮುಂದೆ ಕುಕ್ಕರಗಾಲಲ್ಲಿ ಕೂತು, "ನಾನೇ ಕಣೇ, ನಾನೇ," ಎಂದು ತಗ್ಗಿದ ದನಿಯಲ್ಲಿ ಹೇಳುತ್ತಾಳೆ. ಒಕ್ಕಣ್ಣಿ ಒಳ್ಳೆಯ ಕಣ್ಣನ್ನು ಅವಳ ಸ್ವೆಟರಿನ ಕಡೆ ತಿರುಗಿಸಿ, ಮತ್ತೆ ಕತ್ತನ್ನು ರೆಕ್ಕೆಯೊಳಗೆ ಇಡುತ್ತಾಳೆ. ಆಮೇಲೆಯೇ ಹೆರ್ಡಿಸಳಿಗೆ ಕಾಫಿ ರುಚಿಸುವುದು.

ಜೂನ್ ಮೂರರ ಬೆಳಿಗ್ಗೆ ಗೂಡುಗಳ ಸುತ್ತು ಹೊರಟವಳಿಗೆ ಏಳನೇ ಗೂಡಿನ ಮುಂದೆ ಏನೋ ಸರಿಯಿಲ್ಲ ಅನಿಸಿತು. "ನಾನೇ ಕಣೇ," ಎಂದಳು. ಒಳಗಿಂದ ಅಲುಗಾಟವಿಲ್ಲ. ಸುರಂಗದೊಳಗೆ ಕೈ ತೂರಿಸಿ ಹಿಂಗೈಯಿಂದ ಮುಟ್ಟಿದಳು. ತಣ್ಣಗಿತ್ತು. ಹೊರಗೆಳೆದರೆ ಕುತ್ತಿಗೆಯ ಹಿಂದೆ ಎರಡು ಸಣ್ಣ ತೂತು, ಅಷ್ಟೇ. ಮೈಯೆಲ್ಲ ಹಾಗೇ ಇದೆ, ಮುದ್ದಾಗಿ. ಆದರೆ ಕೊಕ್ಕು ಒಡೆದಿತ್ತು. ಹಿಂದಿನ ಗೋಡೆಯ ಕಲ್ಲಿಗೆ ಕುಕ್ಕಿ ಕುಕ್ಕಿ ಒಡೆದಿತ್ತು.

ಎಂಟನೆಯದೂ ಹಾಗೆಯೇ. ಹತ್ತನೆಯದೂ. ಮಧ್ಯಾಹ್ನದ ಹೊತ್ತಿಗೆ ಆರು ಹಕ್ಕಿಗಳನ್ನು ಹುಲ್ಲಿನ ಮೇಲೆ ಸಾಲಾಗಿ ಮಲಗಿಸಿ ಹೆರ್ಡಿಸ್ ತಲೆಯ ಮೇಲೆ ಕೈಹೊತ್ತು ಕೂತಳು. ಬಯಲಲ್ಲಿ ಗೂಡು ಮಾಡಿದ ಹಕ್ಕಿಯಾದರೆ ಮಿಂಕ್ ಕಂಡ ಕೂಡಲೇ ಹಾರಿ ಕಡಲಿಗೆ ಬೀಳುತ್ತಿತ್ತು. ಮೊಟ್ಟೆ ಹೋಗುತ್ತಿತ್ತು, ಜೀವ ಉಳಿಯುತ್ತಿತ್ತು. ಅಗಲ ಬಾಗಿಲ ಹಳೆಯ ಗೂಡಾದರೂ ಹಾಯ್ದುಕೊಂಡು ಹೊರಬೀಳುತ್ತಿತ್ತೇನೋ. ಇಲ್ಲಿ ಸುರಂಗದ ತುಂಬ ಮಿಂಕ್, ಹಿಂದೆ ಕಲ್ಲು. ಬೇಲಿಯೇ ಎದ್ದು ಹೊಲ ಮೇಯ್ದ ಹಾಗಾಯಿತಲ್ಲ! ಒಂದೊಂದು ಕಲ್ಲನ್ನೂ ಅವಳೇ ಕೈಯಾರೆ ಆರಿಸಿ ಆರಿಸಿ ಜೋಡಿಸಿದ್ದಳು.

ಅವಳಲ್ಲಿದ್ದ ಒಂದೇ ಪೆಟ್ಟಿಗೆಬೋನಿನಲ್ಲಿ ಮೀನಿನ ತಲೆಯಿಟ್ಟಳು. ಹೋಗಿ ಬಂದು ತಿನ್ನಲು ಗೂಡಿನ ತುಂಬ ಊಟವಿರುವಾಗ ಮಿಂಕಿಗೆ ಮೀನಿನ ತಲೆ ಯಾಕೆ ಬೇಕು? ಎರಡು ದಿನದಲ್ಲಿ ಇನ್ನೂ ನಾಲ್ಕು ಹೋದವು. ಟೊರ್ಲೈಫ್‌ಗೆ ಫೋನ್ ಮಾಡಿದಳು.

"ನನ್ನ ನಾಯಿ ತರ್ಲಾ? ಒಂದೇ ಗಂಟೇಲಿ ಮೂಸಿ ಹಿಡಿಯುತ್ತೆ."

"ಹುಚ್ಚು ಹಿಡಿದಿದೆಯೇನೋ ನಿನಗೆ? ಹಕ್ಕಿ ಕೂತಿರೋ ದ್ವೀಪಕ್ಕೆ ನಾಯಿ! ನಮ್ಮಪ್ಪ ಗೋರಿಯಿಂದ ಎದ್ದು ಬಂದಾನು."

"ಹಂಗಾದ್ರೆ ಕಚೇರಿಗಾದ್ರೂ ಹೇಳು. ಹೆರ್ಡಿಸ್, ಕೇಳಿಸ್ತಾ ಇದ್ಯಾ? ಅಲ್ಲಿ ಒಬ್ಳೇ ಕೂತು ಹೆಣ ಎಣಿಸ್ಬೇಡ ಕಣೇ."

ಹೇಳಿದಳು. ಮರುದಿನವೇ ಕಚೇರಿಯಿಂದ ಸುನ್ನಿವಾ ಎಂಬ ಹುಡುಗಿ ಬಂದಳು. ಮೂವತ್ತು ತುಂಬಿರಲಿಕ್ಕಿಲ್ಲ. ಇಂಜಿನ್ ದೂರದಲ್ಲೇ ನಿಲ್ಲಿಸಿ, ಹುಟ್ಟು ಹಾಕಿಕೊಂಡು ಬಂದು, ದೋಣಿಕಟ್ಟೆ ಹತ್ತದೆ ದೋಣಿಯಲ್ಲೇ ಕೂತು ಮಾತಾಡಿದಳು. ಅಷ್ಟು ತಿಳಿವಳಿಕೆ ಇದೆಯಲ್ಲ ಎಂದು ಹೆರ್ಡಿಸಳಿಗೆ ಅವಳ ಮೇಲೆ ಒಲವು ಹುಟ್ಟಿತು. ಅದರಿಂದ ಸಂಕಟ ಇನ್ನೂ ಹೆಚ್ಚಾಯಿತು.

"ಗುರುತು ಮೊದಲು ಯಾವಾಗ ಕಂಡಿದ್ದು ನಿಮಗೆ?" ಸುನ್ನಿವಾ ಕೇಳಿದಳು.

"ಗುರುತು... ಹಿಮ ಎಲ್ಲ ಕರಗಿತ್ತಲ್ಲಮ್ಮ. ಮೊನ್ನೆ ಹಕ್ಕಿ ಸತ್ತಾಗ್ಲೇ ನೋಡಿ."

"ಛೆ. ಈಗ ನಾಯಿ ತಂದ್ರೆ ಉಳಿದಿರೋ ಹಕ್ಕಿಗಳೂ ಎದ್ದು ಹೋಗ್ತವೆ. ಅವು ಬರೋಕೆ ಮುಂಚೆ, ಏಪ್ರಿಲಲ್ಲೇ ಗೊತ್ತಾಗಿದ್ರೆ ಒಂದು ನಾಯಿ, ಅರ್ಧ ದಿನದ ಕೆಲಸ. ನೀವು ಕಾಫಿ ಕುಡಿಯೋದ್ರೊಳಗೆ ಮುಗೀತಿತ್ತು."

"ಲಿಲ್ಲೊಯ್‌ನಲ್ಲಿ ಅರ್ಧ ದಿನದಲ್ಲಿ ಮುಗೀಲಿಲ್ವಲ್ಲ?" ಹೆರ್ಡಿಸಳ ದನಿ ಚುರುಕಾಯಿತು. "ವಸಂತ ಪೂರ್ತಿ ತುಳಿದಾಡಿದ್ರಿ."

"ಅಲ್ಲಿ ನಮಗೆ ತಿಳಿದದ್ದೇ ಮೇ ತಿಂಗಳಲ್ಲಿ ರೀ. ಆಯಮ್ಮ ಏಪ್ರಿಲಲ್ಲೇ ಗುರುತು ನೋಡಿ ಮುಚ್ಚಿಟ್ಟಿದ್ರು. ಹೆದರ್ಕೊಂಡು."

ಹೆರ್ಡಿಸ್ ಬಗ್ಗಿ, ಬಿಗಿಯಾಗಿಯೇ ಇದ್ದ ದೋಣಿಯ ಹಗ್ಗವನ್ನು ಬಿಚ್ಚಿ ಮತ್ತೆ ಕಟ್ಟಿದಳು. ಅದನ್ನು ನೋಡದವಳ ಹಾಗೆ ಸುನ್ನಿವಾ ನಾಲ್ಕು ಬೋನುಗಳನ್ನು ಎತ್ತಿ ಕೊಟ್ಟಳು.

"ಇವನ್ನ ನೀರಿನಂಚಲ್ಲಿ ಇಡಿ. ಬೀಳುತ್ತೆ, ಆದ್ರೆ ದಿನ ಹಿಡಿಯುತ್ತೆ. ಅಲ್ಲಿವರೆಗೆ ಗೂಡುಗಳ ಹಿಂದೆ ಒಂದೊಂದು ಕಲ್ಲು ತೆಗೆದು ಇನ್ನೊಂದು ದಾರಿ ಮಾಡೋಕಾಗುತ್ತಾ, ಹಕ್ಕಿ ಏಳದ ಹಾಗೆ? ನಾನು ಬಂದ್ರೆ ಹೆದರ್ತವೆ. ನಿಮ್ಮಿಂದ ಮಾತ್ರ ಸಾಧ್ಯ. ಮೊಟ್ಟೆ ಹೋದ್ರೆ ಮುಂದಿನ ವರ್ಷ ಮತ್ತೆ ಇಡ್ತವೆ. ತಾಯಿ ಹೋದ್ರೆ ಏನ್ ಮಾಡೋದು?"

ಎರಡು ದಿನ ಹೆರ್ಡಿಸ್ ನೆಲದ ಮೇಲೆ ತೆವಳಿಕೊಂಡು ಗೂಡಿನಿಂದ ಗೂಡಿಗೆ ಹೋದಳು. "ನಾನೇ ಕಣೇ, ನಾನೇ" ಎನ್ನುತ್ತ, ಸದ್ದಾಗದಂತೆ ಅಪ್ಪ ಇಟ್ಟ ಕಲ್ಲುಗಳನ್ನು ಹಿಂದಿನಿಂದ ಒಂದೊಂದಾಗಿ ಬಿಡಿಸಿದಳು. ಒಂದು ಹಕ್ಕಿಯೂ ಏಳಲಿಲ್ಲ. ಕಂದು ಸ್ವೆಟರ್ ಬಂದಿದೆ, ಏನೋ ಕೆಲಸ ಮಾಡಿಕೊಳ್ಳುತ್ತಿದೆ ಎಂದು ಕಣ್ಣು ಮುಚ್ಚಿ ಕೂತಿದ್ದವು. ಆ ನಂಬಿಕೆ ಕಂಡು ಅವಳಿಗೆ ಅಳು ಉಕ್ಕಿ ಬರುತ್ತಿತ್ತು. ಆಮೇಲೆ ಮಿಂಕ್ ಒಂದು ಗೂಡಿಗೆ ನುಗ್ಗಿದಾಗ ಹಕ್ಕಿ ಹಿಂದಿನಿಂದ ಪಾರಾಗಿ ಕಡಲು ಸೇರಿದ್ದನ್ನು ಅವಳೇ ಕಣ್ಣಾರೆ ಕಂಡಳು.

ಉಳಿದದ್ದು ಒಕ್ಕಣ್ಣಿ. ಮೆಟ್ಟಿಲ ಮೇಲ್ಗಡೆ ನಾಲ್ಕು ಆಳು ಎತ್ತಲಾರದ ಹಾಸುಗಲ್ಲು, ಹಿಂದೆ ಮನೆಯ ಬುನಾದಿ. ಇನ್ನೊಂದು ದಾರಿ ತೆಗೆಯಲು ಸಾಧ್ಯವೇ ಇಲ್ಲ. ಮುಂದೆ ಕಲ್ಲು ಅಡ್ಡ ಇಡೋಣವೆಂದರೆ ಮಿಂಕ್ ಎರಡು ಬೆರಳಿನ ಸಂದಿಯಲ್ಲೂ ನುಸುಳುವ ಪ್ರಾಣಿ. ಆ ಎರಡು ದಿನದ ನಡುವಿನ ಇರುಳು ಅವಳ ಮುಂದೆ ದೊಣ್ಣೆ ಹಿಡಿದು ಕಾದಳು. ಆ ಹೊತ್ತಿನಲ್ಲೇ ಅದು ದ್ವೀಪದ ಆಚೆ ತುದಿಯಲ್ಲಿ, ಅವಳು ಕೊನೆಗೆ ಬಿಡಿಸೋಣ ಎಂದುಕೊಂಡಿದ್ದ ಎರಡು ಗೂಡುಗಳಲ್ಲಿ, ಇನ್ನೆರಡು ಹಕ್ಕಿ ಕೊಂದಿತು. ಮರಿಯೊಡೆಯಲು ಇನ್ನೂ ಹತ್ತು ದಿನ. ಹತ್ತು ದಿನ ನಿದ್ದೆಗೆಟ್ಟು ಕೂರಲು ಅವಳಿಂದಾಗುತ್ತದೆಯೇ? ಜೂನ್ ಒಂಬತ್ತರ ಬೆಳಿಗ್ಗೆ ಕಿಟಕಿಯಿಂದ ಇಳಿದು ಮುಂದೆ ಬಂದರೆ, ಮೆಟ್ಟಿಲಿನಿಂದ ಒಂದು ಗೇಣು ದೂರದ ಒದ್ದೆ ಮಣ್ಣಿನಲ್ಲಿ ಐದು ಪುಟ್ಟ ಬೆರಳು, ಚೂಪಾದ ಉಗುರು.

ಒರೆಸಲು ಬೂಟು ತಾನಾಗಿ ಮೇಲೆದ್ದಿತು. ಹೆರ್ಡಿಸ್ ಕಾಲನ್ನು ಹಿಂದಕ್ಕೆಳೆದುಕೊಂಡಳು.

ಒಕ್ಕಣ್ಣಿಯನ್ನು ಓಡಿಸಬೇಕು. ಬೇರೆ ದಾರಿಯಿಲ್ಲ. ಕೂತ ಹಕ್ಕಿಯನ್ನು ಬೆದರಿಸುವುದು ನಮ್ಮಲ್ಲಿ ತೊಟ್ಟಿಲ ಕೂಸನ್ನು ಹೊಡೆದ ಹಾಗೆ, ಅಂಥ ಕೆಲಸ ಮಾಡಿದವರನ್ನು ಯಾರೂ ಮನೆಗೆ ಸೇರಿಸುವುದಿಲ್ಲ. ಆದರೂ ಹೆರ್ಡಿಸ್ ಮೆಟ್ಟಿಲ ಮುಂದೆ ನಿಂತು ಚಪ್ಪಾಳೆ ತಟ್ಟಿದಳು. ಒಕ್ಕಣ್ಣಿ ನೋಡಿದಳು. ಪಾತ್ರೆ ತಂದು ಬಡಿದಳು. "ಹೋಗೇ! ಎದ್ದು ಹೋಗೇ ಮುದುಕಿ! ಸಾಯ್ತೀಯ ಇಲ್ಲೇ!" ಎಂದು ಗಂಟಲು ಹರಿಯುವಂತೆ ಕೂಗಿದಳು. ಹನ್ನೊಂದು ವರ್ಷದಲ್ಲಿ ಆ ಕಂದು ಸ್ವೆಟರಿನಿಂದ ಅವಳಿಗೆ ಒಂದು ಕೆಡುಕೂ ಆಗಿರಲಿಲ್ಲ. ಅವಳು ಕತ್ತನ್ನು ರೆಕ್ಕೆಯೊಳಗೆ ಇಟ್ಟು ಕಣ್ಣು ಮುಚ್ಚಿದಳು.

ಎರಡೂ ಕೈಯಿಂದ ಬಾಚಿ ಎತ್ತಿಕೊಂಡು ಹೋಗಿ ನೀರಿಗೆ ಬಿಟ್ಟಳು. ಒಕ್ಕಣ್ಣಿ ಕುಕ್ಕಲಿಲ್ಲ, ಒದ್ದಾಡಲಿಲ್ಲ. ನಾಲ್ಕು ಸುತ್ತು ಈಜಿ, ನೀರು ಕುಡಿದು, ಅವಳ ಕಾಲ ಪಕ್ಕದಲ್ಲೇ ಹಾದು ದಡ ಹತ್ತಿ ಮತ್ತೆ ಮೆಟ್ಟಿಲ ಕಡೆಗೆ ನಡೆದಳು. ಮೊಟ್ಟೆ ಇರುವವರೆಗೆ ಅವಳು ಹೋಗುವುದಿಲ್ಲ.

ಹೆರ್ಡಿಸ್ ಓಡಿ ಮುಂದೆ ಹೋದಳು. ಒಕ್ಕಣ್ಣಿ ನೋಡುತ್ತಿರುವಾಗಲೇ ಮಂಡಿಯೂರಿ, ತುಪ್ಪುಳಿನೊಳಗೆ ಕೈಯಿಟ್ಟು, ಐದು ಮೊಟ್ಟೆಗಳನ್ನೂ ಒಂದೊಂದಾಗಿ ತೆಗೆದು ಸ್ವೆಟರಿನ ಮಡಿಲಿಗೆ ಹಾಕಿಕೊಂಡಳು. ಬೆಚ್ಚಗಿದ್ದವು. ಒಂದರೊಳಗೆ ಏನೋ ಮಿಸುಕಿದಂತಾಯಿತು. ಒಕ್ಕಣ್ಣಿ ಹತ್ತಿರ ಬಂದು ಬರಿದಾದ ಗೂಡಿನೊಳಗೆ ಹೋಗಿ ಕೂತಳು, ಎದ್ದಳು, ಕೊಕ್ಕಿನಿಂದ ತುಪ್ಪುಳು ಕೆದಕಿದಳು, ಮತ್ತೆ ಕೂತಳು. ಸಂಜೆಯವರೆಗೂ ಹಾಗೇ. ಆಮೇಲೆ ಹೊರಗೆ ಬಂದು, ಕಿಟಕಿಯ ಬಳಿ ನಿಂತಿದ್ದ ಹೆರ್ಡಿಸಳನ್ನು, ಅವಳ ಸ್ವೆಟರನ್ನು, ಒಳ್ಳೆಯ ಕಣ್ಣಿನಿಂದ ತುಂಬ ಹೊತ್ತು ನೋಡಿ ಕಡಲಿಗಿಳಿದಳು.

ಸ್ವೆಟರ್ ಬಿಚ್ಚಿಟ್ಟು ಹೋಗಿದ್ದರೆ! ಮೊಳೆಯಲ್ಲಿ ಟೊರ್ಲೈಫ್‌ನ ಹಳದಿ ಮಳೆಕೋಟು ನೇತಾಡುತ್ತಿತ್ತು. ಅದನ್ನು ಹಾಕಿಕೊಂಡು ಯಾರೋ ಅಪರಿಚಿತಳಾಗಿ ಹೋಗಿ ಕೂಗಿದ್ದರೆ ಒಂದೇ ಕೂಗಿಗೆ ಎದ್ದು ಓಡುತ್ತಿದ್ದಳು. ಕಳ್ಳತನ ಯಾರೋ ಹಳದಿಯವಳ ತಲೆಗೆ ಹೋಗುತ್ತಿತ್ತು. ಬಿಚ್ಚಬಾರದು ಬಿಚ್ಚಬಾರದು ಎಂದು ಬದುಕಿಡೀ ಕಲಿತವಳಿಗೆ ಬಿಚ್ಚುವ ಯೋಚನೆಯೇ ಹೊಳೆದಿರಲಿಲ್ಲ. ಹೆರ್ಡಿಸ್ ತಣ್ಣಗಾದ ಆ ಐದು ಮೊಟ್ಟೆಗಳನ್ನು ಮೇಜಿನ ಮೇಲಿಟ್ಟು ಸುನ್ನಿವಾಳಿಗೆ ಫೋನ್ ಮಾಡಿದಳು.

"ಏಪ್ರಿಲಲ್ಲೇ ಗುರುತು ಕಂಡಿತ್ತು. ಬೂಟಲ್ಲಿ ಒರೆಸ್ದೆ. ನಿನ್ನ ಹತ್ರ ಸುಳ್ಳು ಹೇಳ್ದೆ ಕಣಮ್ಮ. ಬರ್ಕೋ."

"ಬರೆದ್ರೆ ನಿಮ್ಮ ಪತ್ರ ಹೋಗುತ್ತೆ ರೀ."

"ಹೋಗ್ಲಿ. ಇನ್ನೊಂದಿದೆ. ಐದು ಮೊಟ್ಟೆ ಕದ್ದೆ. ಅದನ್ನೂ ಬರಿ."

"ಅದು ಹಕ್ಕಿ ಉಳಿಸೋಕೆ ಮಾಡಿದ್ದಲ್ವಾ?"

"ಅದು ನಿನಗೆ ಗೊತ್ತು, ನನಗೆ ಗೊತ್ತು. ಅವಳಿಗೆ ಗೊತ್ತಾ?"

ಮಿಂಕ್ ಮೂರು ದಿನದ ಮೇಲೆ ನೀರಂಚಿನ ಬೋನಿಗೆ ಬಿತ್ತು. ಆ ಬೇಸಿಗೆ ದ್ವೀಪದಿಂದ ಮರಿಗಳನ್ನು ಕರೆದುಕೊಂಡು ಹೋದ ತಾಯಂದಿರು ಇಪ್ಪತ್ತೊಂಬತ್ತು. ಶರತ್ಕಾಲದಲ್ಲಿ ಕಚೇರಿಯ ಕಾಗದ ಬಂತು. ಹೆರ್ಡಿಸಳ ಅನುಮತಿ ರದ್ದು, ಮುಂದಿನ ವರ್ಷ ಹಕ್ಕಿಗಳನ್ನು ಸುನ್ನಿವಾ ನೋಡಿಕೊಳ್ಳತಕ್ಕದ್ದು. ತಪ್ಪೇನಿಲ್ಲ, ಎಂದಳು ಹೆರ್ಡಿಸ್. ಬೀಗದಕೈ ಒಯ್ಯಲು ಬಂದ ಸುನ್ನಿವಾಳ ಕೈಗೆ ಕಂದು ಸ್ವೆಟರನ್ನೂ ಇಟ್ಟಳು.

"ಇದನ್ನೇ ಹಾಕ್ಕೋಬೇಕು. ಇದು ಕಂಡ್ರೆ ನಾನೇ ಅಂದ್ಕೊಂಡು ಕೂರ್ತವೆ. ತೊಳೀಬೇಡ. ನಾತ ಬರುತ್ತೆ, ಸಹಿಸ್ಕೋ."

ಮೇ ತಿಂಗಳು ಬಂತು. ಹೆರ್ಡಿಸ್ ತಮ್ಮನ ಮನೆಯ ಅಡುಗೆಕೋಣೆಯಲ್ಲಿ ಆಲೂಗಡ್ಡೆ ಸುಲಿಯುತ್ತ, ಕಿಟಕಿಯಿಂದ ಕಾಣುವ ದ್ವೀಪವನ್ನು ನೋಡಬಾರದೆಂದು ನೋಡುತ್ತ ಕೂತಿರುತ್ತಿದ್ದಳು. ಫೋನ್ ಬಂದಾಗ ಕೈ ಒರೆಸಿಕೊಳ್ಳುವುದನ್ನೂ ಮರೆತಳು.

"ಮೂವತ್ತೊಂದು ಬಂದಿದಾವೆ ಹೆರ್ಡಿಸ್!" ಸುನ್ನಿವಾ ಕುಣಿಯುವುದೊಂದು ಬಾಕಿ. "ನೀವು ಹೇಳಿದ್ದು ನಿಜ. ನನ್ನ ಕಾಲ ಹತ್ರಾನೇ ಓಡಾಡ್ತಾವೆ."

"ಒಕ್ಕಣ್ಣಿ?"

"ಅದನ್ನೇ ಕೇಳೋಣ ಅಂತ ಮಾಡ್ದೆ." ದನಿ ಇಳಿಯಿತು. "ಮೂರು ಸಲ ಬಂದ್ಲು. ದಡ ಹತ್ತಿ ಮೆಟ್ಟಿಲ ಹತ್ರದವರೆಗೂ ಬರ್ತಾಳೆ. ನಾನು ಕಾಣಿಸಿದ ತಕ್ಷಣ ನೀರಿಗೆ ಓಡ್ತಾಳೆ. ಅವಳೊಬ್ಳೇ ಹೀಗೆ. ನಾನೇನಾದ್ರೂ ತಪ್ಪು ಮಾಡಿದ್ನಾ?"

ಹೆರ್ಡಿಸ್ ಕುರ್ಚಿ ಎಳೆದುಕೊಂಡು ಕೂತಳು. "ನೀನಲ್ಲಮ್ಮ," ಎಂದಳು. "ಮೆಟ್ಟಿಲ ಹತ್ರ ಹೋಗುವಾಗ ಆ ಸ್ವೆಟರ್ ಬಿಚ್ಚಿಡು. ಅಲ್ಲಿ ಮೊಳೆಗೆ ಹಳದಿ ಮಳೆಕೋಟು ಇದೆ, ಅದನ್ನ ಹಾಕ್ಕೋ. ದೂರ ನಿಂತ್ಕೋ."

"ಹೊಸ ಬಣ್ಣ ಕಂಡ್ರೆ ಓಡ್ತವೆ ಅಂದಿದ್ರಿ?"

"ಬೇರೆಯವಕ್ಕೆ ಅದು ಸರಿ. ಅವಳಿಗೆ ಮಾತ್ರ ನೀನು ಯಾರೋ ಆಗಿರ್ಬೇಕು. ಯಾರಾದ್ರೂ ಪರ್ವಾಗಿಲ್ಲ, ನಾನಾಗಿರ್ಬಾರ್ದು ಅಷ್ಟೆ."

ನಾಲ್ಕನೇ ದಿನ ಊಟದ ಹೊತ್ತಿಗೆ ಸುನ್ನಿವಾಳಿಂದ ಒಂದು ಫೋಟೋ ಬಂತು. ಮೆಟ್ಟಿಲ ಕೆಳಗಿನ ನೆರಳಿನಲ್ಲಿ ಕಂದು ಬೆನ್ನು, ಬಿಳಿ ಪೊರೆಯ ಕಣ್ಣು. ಕೆಳಗೆ "ಕೂತಳು, ಹಳದಿ ಕೋಟೇ ಸೈ" ಎಂದು ಬರೆದಿತ್ತು. ಹೆರ್ಡಿಸ್ ಅದನ್ನು ಟೊರ್ಲೈಫ್‌ನ ತಟ್ಟೆಯ ಪಕ್ಕದಲ್ಲಿಟ್ಟಳು. ಅವನು ಕನ್ನಡಕ ಹುಡುಕಿ ಹಾಕಿಕೊಂಡು ನೋಡಿ, "ಅಯ್ಯೋ, ಬಂದುಬಿಟ್ಲಲ್ಲೇ!" ಎಂದು ಮೇಜು ಗುದ್ದಿದ. ಆಮೇಲೆ ಅಕ್ಕನ ಮುಖ ನೋಡಿದ.

"ಒಳ್ಳೇದೇ ಆಯ್ತಲ್ವಾ? ಮತ್ಯಾಕೆ ಅಳ್ತೀಯ?"

"ಒಳ್ಳೇದೇ ಆಯ್ತು ಕಣೋ," ಎಂದಳು ಹೆರ್ಡಿಸ್, ಅಳು ನಿಲ್ಲಿಸದೆ, ಅವನ ತಟ್ಟೆಗೆ ಇನ್ನೊಂದು ಆಲೂಗಡ್ಡೆ ಹಾಕಿದಳು.